ಮೋಲಿಯೇರನ ನಾಟಕಗಳನ್ನು ಬರೆದವರಾರು?

ಫ್ರೆಂಚ್ ಭಾಷೆಗೆ 'ಮೋಲಿಯೇರನ ಭಾಷೆ' ಎಂಬ ಇನ್ನೊಂದು ಹೆಸರಿದೆ. ಇಂಗ್ಲಿಷಿಗೆ ಶೇಕ್ಸ್‌ಪಿಯರ್ ಹೇಗೋ ಫ್ರೆಂಚಿಗೆ ಮೋಲಿಯೇರ್ ಹಾಗೆ. ಕನ್ನಡದ ರಂಗಾಸಕ್ತರಿಗೂ ಆತ ಅಪರಿಚಿತನಲ್ಲ. ಎ.ಎನ್. ಮೂರ್ತಿರಾಯರ 'ಆಷಾಢಭೂತಿ' ಆತನ 'ತಾರ್ತೂಫ್' ನಾಟಕದ ರೂಪಾಂತರ. ಇಂಥ ನಾಟಕಕಾರನ ಮುಖ್ಯ ಕೃತಿಗಳನ್ನು ಆತ ಬರೆಯಲೇ ಇಲ್ಲ, ಸಮಕಾಲೀನ ಮಹಾಕವಿಯೊಬ್ಬ ಗುಟ್ಟಾಗಿ ಬರೆದುಕೊಟ್ಟ ಎಂಬ ವಾದವೊಂದು ಫ್ರಾನ್ಸಿನಲ್ಲಿ ನೂರು ವರ್ಷಗಳಿಂದ ಆಗಾಗ ತಲೆಯೆತ್ತುತ್ತ ಬಂದಿದೆ. 2019ರಲ್ಲಿ ಇಬ್ಬರು ಸಂಶೋಧಕರು ಗಣಕಯಂತ್ರದ ನೆರವಿನಿಂದ ಈ ವಾದವನ್ನು ಪರೀಕ್ಷೆಗೆ ಒಡ್ಡಿದರು. ಬಂದ ಉತ್ತರ ಮೋಲಿಯೇರನ ಪರವಾಗಿಯೇ ಇತ್ತು.

ಆದರೆ ಉತ್ತರ ಸಿಕ್ಕಿತೆಂದು ಪ್ರಶ್ನೆಯನ್ನು ಬದಿಗಿಡುವಂತಿಲ್ಲ. ದುರಂತ ನಾಟಕ ಬರೆದ ಕಾರ್ನೇಯ್ ಅಥವಾ ರಸೀನ್ ಬಗ್ಗೆ ಏಳದ ಅನುಮಾನ, ಜನರನ್ನು ನಗಿಸಿದ ಮೋಲಿಯೇರನ ಬಗ್ಗೆ ಮಾತ್ರ ಎದ್ದುದೇಕೆ? ಈ ಪ್ರಶ್ನೆಯ ಬೆನ್ನು ಹತ್ತಿದರೆ ಹಾಸ್ಯನಾಟಕಗಳು ರಂಗದಿಂದ ಅಚ್ಚುಮನೆಗೆ ಹೋದ ದಾರಿ ಕಾಣುತ್ತದೆ. ಆ ದಾರಿಯಲ್ಲಿ ಅವುಗಳಿಗೆ ಒದಗಿದ ಪಾಡೂ ಕಾಣುತ್ತದೆ.

ಅನುಮಾನದ ಹುಟ್ಟು

ಈ ವಾದವನ್ನು ಪ್ರಸಿದ್ಧಿಗೆ ತಂದವನು ಪಿಯೆರ್ ಲೂಯಿಸ್ ಎಂಬ ಫ್ರೆಂಚ್ ಕವಿ. 1919ರಲ್ಲಿ ಪ್ರಕಟಿಸಿದ ಲೇಖನಗಳಲ್ಲಿ ಆತ, ಮೋಲಿಯೇರನ ಪದ್ಯನಾಟಕಗಳಲ್ಲಿ ಪಿಯೆರ್ ಕಾರ್ನೇಯ್‌ನ ಕೈವಾಡ ಸ್ಪಷ್ಟವಾಗಿದೆ ಎಂದು ಸಾರಿದ. ಕಾರ್ನೇಯ್ ಎಂದರೆ 'ಲ ಸಿದ್' ನಾಟಕದ ಕರ್ತೃ, ಫ್ರೆಂಚ್ ಗಂಭೀರ ನಾಟಕದ ಪಿತಾಮಹನೆನಿಸಿಕೊಂಡವನು. ಲೂಯಿಸನ ಬಗ್ಗೆ ಒಂದು ಸ್ವಾರಸ್ಯದ ಸಂಗತಿಯನ್ನು ಇಲ್ಲಿ ಹೇಳಬೇಕು. 1894ರಲ್ಲಿ ಆತ ಪ್ರಾಚೀನ ಗ್ರೀಕ್ ಕವಯಿತ್ರಿಯೊಬ್ಬಳ ಪದ್ಯಗಳ ಅನುವಾದವೆಂದು ಒಂದು ಸಂಕಲನವನ್ನು ಹೊರತಂದಿದ್ದ. ಅಂಥ ಕವಯಿತ್ರಿ ಇರಲೇ ಇಲ್ಲ. ಪದ್ಯಗಳೆಲ್ಲ ಆತನವೇ ಆಗಿದ್ದವು.

ಹಾಗೆಂದು ಅನುಮಾನಪಟ್ಟವರ ಬಳಿ ಕಾರಣಗಳೇ ಇರಲಿಲ್ಲ ಎನ್ನಲಾಗದು. ಮೋಲಿಯೇರನ ಕೈಬರಹದಲ್ಲಿ ಒಂದು ನಾಟಕವೂ ಉಳಿದಿಲ್ಲ. ದಾಖಲೆಪತ್ರಗಳ ಮೇಲಿನ ಸಹಿಗಳು, ಹಣ ಸಂದಾಯದ ರಸೀದಿಗಳಂಥವು ಮಾತ್ರ ದೊರೆತಿವೆ. ಆತ ನಟ, ತಂಡದ ಯಜಮಾನ, ಅರಮನೆಯ ಉತ್ಸವಗಳ ಸಂಯೋಜಕ. ಇಷ್ಟೆಲ್ಲ ಹೊಣೆಗಳ ನಡುವೆ ಮೂವತ್ತು ನಾಟಕಗಳನ್ನು ಬರೆಯಲು ಬಿಡುವು ಎಲ್ಲಿತ್ತು ಎಂಬುದು ಒಂದು ಪ್ರಶ್ನೆ. 1658ರಲ್ಲಿ ಪ್ಯಾರಿಸಿಗೆ ಮರಳುವ ಮುನ್ನ ಆತನ ತಂಡ ಕಾರ್ನೇಯ್ ವಾಸವಾಗಿದ್ದ ರೂಆನ್ ನಗರದಲ್ಲಿ ಕೆಲವು ತಿಂಗಳು ತಂಗಿತ್ತು. ದೊಡ್ಡ ನಾಟಕಗಳೆಲ್ಲ ಬಂದದ್ದು ಅದಾದ ನಂತರ. ಇವೆಲ್ಲವನ್ನೂ ಜೋಡಿಸಿದರೆ ಕಥೆಯೊಂದು ತಾನಾಗಿಯೇ ಹೆಣೆದುಕೊಳ್ಳುತ್ತದೆ.

ಮೇಳದ ಯಜಮಾನ

ಮೋಲಿಯೇರನ ನಿಜನಾಮ ಜಾನ್ ಬಾಪ್ತಿಸ್ತ್ ಪೋಕ್ಲಾನ್. 1622ರ ಜನವರಿ 15ರಂದು ಪ್ಯಾರಿಸಿನಲ್ಲಿ ಆತನಿಗೆ ದೀಕ್ಷಾಸ್ನಾನವಾಯಿತು. ತಂದೆ ಅರಮನೆಯ ಪೀಠೋಪಕರಣಗಳಿಗೆ ಬಟ್ಟೆ ಹೊದಿಸುವ ಕಸುಬಿನವರು. ಮಗ ಆ ಕಸುಬನ್ನು ಬಿಟ್ಟು 1643ರಲ್ಲಿ ಬೇಜಾರ್ ಕುಟುಂಬದವರೊಡನೆ ನಾಟಕ ತಂಡ ಕಟ್ಟಿದ. ಎರಡೇ ವರ್ಷಗಳಲ್ಲಿ ತಂಡ ದಿವಾಳಿಯಾಯಿತು. ಸಾಲ ತೀರಿಸಲಾಗದೆ ಆತ ಸೆರೆಮನೆಯನ್ನೂ ಕಂಡ. ಮುಂದಿನ ಹದಿಮೂರು ವರ್ಷ ಪ್ರಾಂತ್ಯಗಳಲ್ಲಿ ಊರೂರು ಅಲೆದು ನಾಟಕವಾಡಿದ. 1658ರ ಅಕ್ಟೋಬರ್ 24ರಂದು ಲೂವ್ರ್ ಅರಮನೆಯಲ್ಲಿ ಹದಿನಾಲ್ಕನೆಯ ಲೂಯಿಯ ಮುಂದೆ ಕಾರ್ನೇಯ್‌ನ ಗಂಭೀರ ನಾಟಕವೊಂದನ್ನು ಆಡಿ, ಕೊನೆಗೆ ತನ್ನದೇ ಒಂದು ಪ್ರಹಸನವನ್ನು ಆಡಿ ತೋರಿಸಿದ. ರಾಜನನ್ನು ಮೆಚ್ಚಿಸಿದ್ದು ಆ ಪ್ರಹಸನ. ಅದರ ಪಾಠ ಇಂದು ಉಳಿದಿಲ್ಲ ಎಂಬುದನ್ನು ಗಮನಿಸಬೇಕು. ಅದು ಆಡಲೆಂದು ಹುಟ್ಟಿದ್ದು, ಅಚ್ಚಾಗಲೆಂದಲ್ಲ.

ಅಚ್ಚಾದರೆ ನಷ್ಟ

ಆ ಕಾಲದ ಫ್ರಾನ್ಸಿನಲ್ಲಿ ಇಂದಿನ ಅರ್ಥದ ಕೃತಿಸ್ವಾಮ್ಯವಿರಲಿಲ್ಲ. ಪುಸ್ತಕ ಮುದ್ರಿಸಲು ರಾಜನ ಸನ್ನದು ಬೇಕಾಗಿತ್ತು. ಸನ್ನದು ಪಡೆದವನಿಗೆ ಇಂತಿಷ್ಟು ವರ್ಷ ಆ ಪುಸ್ತಕವನ್ನು ಮಾರುವ ಏಕಸ್ವಾಮ್ಯ ಸಿಗುತ್ತಿತ್ತು. ರಂಗಭೂಮಿಯ ರೂಢಿಯೇ ಬೇರೆ. ಹೊಸ ನಾಟಕ ಅಚ್ಚಾಗುವವರೆಗೆ ಅದನ್ನು ಆಡುವ ಹಕ್ಕು ಮೊದಲು ಆಡಿದ ತಂಡದ್ದು. ಅಚ್ಚಾದ ಮೇಲೆ ಯಾವ ತಂಡ ಬೇಕಾದರೂ ಕರ್ತೃವಿಗೆ ಚಿಕ್ಕಾಸೂ ಕೊಡದೆ ಅದನ್ನು ಆಡಬಹುದಾಗಿತ್ತು. ಹೀಗಾಗಿ ತಂಡದ ಯಜಮಾನನೇ ನಾಟಕಕಾರನಾದಾಗ ಬೇಗನೆ ಅಚ್ಚು ಹಾಕಿಸುವುದು ತನ್ನ ಗಲ್ಲಾಪೆಟ್ಟಿಗೆಗೆ ತಾನೇ ಕನ್ನ ಕೊರೆದಂತೆ.

1659ರ ನವೆಂಬರ್ 18ರಂದು 'ಲೆ ಪ್ರೆಸ್ಯೂಸ್ ರಿಡಿಕ್ಯೂಲ್' ರಂಗವೇರಿತು. ಮಾತಿನ ನಾಜೂಕನ್ನೇ ದೊಡ್ಡಸ್ತಿಕೆಯೆಂದು ತಿಳಿದ ಇಬ್ಬರು ಯುವತಿಯರನ್ನು ಲೇವಡಿ ಮಾಡುವ ಒಂದೇ ಅಂಕದ ಪ್ರಹಸನವಿದು. ಪ್ಯಾರಿಸ್ ನಗರವೆಲ್ಲ ಅದರ ಮಾತೇ ಮಾತು. ಜಾನ್ ರಿಬೂ ಎಂಬ ಪುಸ್ತಕ ವ್ಯಾಪಾರಿ ಹೇಗೋ ಅದರ ಪಾಠವನ್ನು ಸಂಪಾದಿಸಿ, ಮೋಲಿಯೇರನಿಗೆ ತಿಳಿಯದಂತೆ ಮುದ್ರಣದ ಸನ್ನದನ್ನೂ ಪಡೆದುಬಿಟ್ಟ. ಸುದ್ದಿ ತಿಳಿದ ಮೋಲಿಯೇರ್ ಇನ್ನೊಬ್ಬ ಪ್ರಕಾಶಕನ ಮೂಲಕ ಅದನ್ನು ತಡೆದು, 1660ರ ಜನವರಿ ಕೊನೆಯ ವಾರದಲ್ಲಿ ತರಾತುರಿಯಿಂದ ತನ್ನದೇ ಆವೃತ್ತಿಯನ್ನು ಹೊರತಂದ. ಮನಸ್ಸಿಲ್ಲದಿದ್ದರೂ ಅಚ್ಚಾಗಬೇಕಾದ ತನ್ನ ಪಾಡನ್ನು ಆತ ಅದರ ಮುನ್ನುಡಿಯಲ್ಲಿ ನಗುನಗುತ್ತಲೇ ತೋಡಿಕೊಂಡಿದ್ದಾನೆ. ನಾಟಕಕಾರನಾಗಿ ಮೋಲಿಯೇರ್ ಮುದ್ರಣಲೋಕವನ್ನು ಪ್ರವೇಶಿಸಿದ್ದು ಹೀಗೆ, ಕಳ್ಳನನ್ನು ತಡೆಯುವ ಸಲುವಾಗಿ.

ಅದೇ ವರ್ಷ 'ಸ್ಗಾನರೆಲ್' ನಾಟಕಕ್ಕೆ ಒದಗಿದ್ದು ಇನ್ನೂ ವಿಚಿತ್ರ. ಪ್ರೇಕ್ಷಕನೊಬ್ಬ ಐದಾರು ಬಾರಿ ನಾಟಕ ನೋಡಿ ಇಡೀ ಪದ್ಯಪಾಠ ತನಗೆ ಬಾಯಿಪಾಠವಾಯಿತೆಂದು ಹೇಳಿಕೊಂಡು, ಪ್ರತಿ ದೃಶ್ಯಕ್ಕೂ ತನ್ನ ವಿವರಣೆಯನ್ನು ಸೇರಿಸಿ ಪ್ರಕಟಿಸಿದ. ಅಚ್ಚು ಹಾಕಿಸಿದವನು ಅದೇ ರಿಬೂ. ಮೋಲಿಯೇರ್ ಕಾನೂನಿನ ಮೊರೆ ಹೋಗಬೇಕಾಯಿತು. ಆದರೂ ಆ ಅನಧಿಕೃತ ಮುದ್ರಣದಿಂದ ನಮಗೊಂದು ಲಾಭವಾಗಿದೆ. ಮೋಲಿಯೇರ್ ರಂಗದ ಮೇಲೆ ಮುಖಭಾವದಿಂದ, ಮೈಮಾತಿನಿಂದ ಜನರನ್ನು ಹೇಗೆ ನಗಿಸುತ್ತಿದ್ದ ಎಂಬುದರ ಪ್ರತ್ಯಕ್ಷದರ್ಶಿ ವರ್ಣನೆ ಆ ವಿವರಣೆಗಳಲ್ಲಿದೆ. ವ್ಯಾಪಾರದ ಲೋಕ ಎಷ್ಟು ವಿಲಕ್ಷಣವೆಂದರೆ, ಕೆಲವೇ ವರ್ಷಗಳಲ್ಲಿ ಇದೇ ರಿಬೂ ಮೋಲಿಯೇರನ ಅಧಿಕೃತ ಮಾರಾಟಗಾರನಾದ. 1669ರ 'ತಾರ್ತೂಫ್' ಪ್ರಥಮ ಮುದ್ರಣ ಲೇಖಕನ ಸ್ವಂತ ಖರ್ಚಿನಲ್ಲಿ ಅಚ್ಚಾಗಿ ರಿಬೂವಿನ ಅಂಗಡಿಯಲ್ಲಿ ಮಾರಾಟವಾಯಿತು.

ಒಂದು ನಾಟಕ, ಮೂರು ಪಾಠ

ಇಂದು ನಾವು ಓದುವ 'ತಾರ್ತೂಫ್' ಆ ನಾಟಕದ ಮೂರನೆಯ ರೂಪ. ಭಕ್ತನ ಸೋಗಿನಲ್ಲಿ ಮನೆಹೊಕ್ಕು ಯಜಮಾನನನ್ನು ಮರುಳುಗೊಳಿಸುವ ಕಪಟಿಯ ಈ ಕಥೆ 1664ರ ಮೇ 12ರಂದು ವರ್ಸೇಲ್ಸ್‌ನಲ್ಲಿ ಮೂರು ಅಂಕಗಳ ನಾಟಕವಾಗಿ ಪ್ರದರ್ಶಿತವಾಯಿತು. ಧಾರ್ಮಿಕ ವಲಯದ ಒತ್ತಡದಿಂದ ಅದರ ಸಾರ್ವಜನಿಕ ಪ್ರದರ್ಶನಕ್ಕೆ ನಿಷೇಧ ಬಿತ್ತು. 1667ರ ಆಗಸ್ಟ್ 5ರಂದು ಪಾತ್ರದ ಹೆಸರು, ವೇಷ ಬದಲಿಸಿ ಮತ್ತೆ ಆಡಿದಾಗ ಮರುದಿನವೇ ತಡೆಯಾಜ್ಞೆ ಬಂತು. ಅದನ್ನು ನೋಡಿದವರಿಗೆ, ಓದಿದವರಿಗೆ ಬಹಿಷ್ಕಾರ ಹಾಕುವುದಾಗಿ ಪ್ಯಾರಿಸಿನ ಆರ್ಚ್‌ಬಿಷಪ್ ಎಚ್ಚರಿಸಿದರು. ಕೊನೆಗೆ 1669ರ ಫೆಬ್ರವರಿ 5ರಂದು ಐದು ಅಂಕಗಳ ರೂಪದಲ್ಲಿ ಅನುಮತಿ ದೊರೆಯಿತು. ಮೊದಲ ರೂಪ ಕಳೆದುಹೋಗಿದೆ. ವಿದ್ವಾಂಸ ಜಾರ್ಜ್ ಫಾರೆಸ್ತಿಯೆ ಅದನ್ನು ಊಹಿಸಿ ಪುನಾರಚಿಸಿದ್ದು, ಮೋಲಿಯೇರನ ನಾನೂರನೆಯ ವರ್ಷಾಚರಣೆಯ ಅಂಗವಾಗಿ 2022ರ ಜನವರಿಯಲ್ಲಿ ಕಾಮೆದಿ ಫ್ರಾನ್ಸೇಸ್ ರಂಗಮಂದಿರ ಆ ರೂಪವನ್ನು ಪ್ರದರ್ಶಿಸಿತು.

'ಡಾನ್ ಜುವಾನ್' ನಾಟಕದ ಕಥೆ ಇನ್ನೂ ದಾರುಣ. 1665ರ ಫೆಬ್ರವರಿಯಲ್ಲಿ ಆರಂಭವಾದ ಅದು ಹದಿನೈದು ಪ್ರದರ್ಶನಗಳ ನಂತರ ನಿಂತುಹೋಯಿತು. ಮೋಲಿಯೇರ್ ಬದುಕಿರುವವರೆಗೆ ಅದು ಮತ್ತೆ ರಂಗಕ್ಕೂ ಬರಲಿಲ್ಲ, ಅಚ್ಚಿಗೂ ಹೋಗಲಿಲ್ಲ. ಆತ ತೀರಿಕೊಂಡ ಬಳಿಕ, 1677ರಲ್ಲಿ, ಕಾರ್ನೇಯ್‌ನ ತಮ್ಮ ತೋಮಾ ಕಾರ್ನೇಯ್ ಆ ಗದ್ಯನಾಟಕವನ್ನು ತೀಕ್ಷ್ಣ ಮಾತುಗಳನ್ನು ಮೃದುಗೊಳಿಸಿ ಪದ್ಯಕ್ಕೆ ತಿರುಗಿಸಿದ. ಹತ್ತೊಂಬತ್ತನೆಯ ಶತಮಾನದ ನಡುಭಾಗದವರೆಗೆ ಫ್ರೆಂಚ್ ಪ್ರೇಕ್ಷಕರು ರಂಗದ ಮೇಲೆ ಕಂಡದ್ದು ಆ ರೂಪವನ್ನೇ. ಕಾಮೆದಿ ಫ್ರಾನ್ಸೇಸ್ ಮೂಲಪಾಠಕ್ಕೆ ಮರಳಿದ್ದು 1847ರಲ್ಲಿ. ಅಂದರೆ ಕಾರ್ನೇಯ್ ಮನೆತನದವರೊಬ್ಬರು ಮೋಲಿಯೇರನ ನಾಟಕವನ್ನು ತಿದ್ದಿ ಬರೆದದ್ದು ನಿಜ. ಆದರೆ ಅದು ಅಣ್ಣನಲ್ಲ, ತಮ್ಮ. ಮೋಲಿಯೇರ್ ಸತ್ತ ನಾಲ್ಕು ವರ್ಷಗಳ ಮೇಲೆ.

ಸಹನಟನ ಸಂಪಾದನೆ

1673ರ ಫೆಬ್ರವರಿ 17ರಂದು 'ಭ್ರಮಾರೋಗಿ'ಯ ನಾಲ್ಕನೆಯ ಪ್ರದರ್ಶನದಲ್ಲಿ ರೋಗದ ಭ್ರಮೆಯುಳ್ಳವನ ಪಾತ್ರ ವಹಿಸಿದ್ದ ಮೋಲಿಯೇರ್ ನಿಜವಾಗಿಯೇ ಅಸ್ವಸ್ಥನಾಗಿ, ಮನೆಗೆ ಒಯ್ದ ಕೆಲವೇ ಗಂಟೆಗಳಲ್ಲಿ ಪ್ರಾಣಬಿಟ್ಟ. ನಟರಿಗೆ ಚರ್ಚಿನ ವಿಧಿಯಂತೆ ಸಂಸ್ಕಾರ ನಿರಾಕರಿಸುವ ಕಾಲವದು. ಪತ್ನಿ ಆರ್ಮಾಂದ್ ರಾಜನಿಗೆ ಮೊರೆಯಿಟ್ಟ ಮೇಲಷ್ಟೇ ರಾತ್ರಿಯ ವೇಳೆ ಮಣ್ಣುಮಾಡಲು ಒಪ್ಪಿಗೆ ದೊರೆಯಿತು. ಆ ಕೊನೆಯ ನಾಟಕ ಆಗಿನ್ನೂ ಅಚ್ಚಾಗಿರಲಿಲ್ಲ. ಅದು ಅಚ್ಚಾಗುವವರೆಗೆ ಬೇರೆ ತಂಡಗಳು ಆಡಕೂಡದೆಂದು 1674ರ ಜನವರಿಯಲ್ಲಿ ರಾಜಾಜ್ಞೆ ಹೊರಟಿತು. ಅದೇ ವರ್ಷ ಅದರ ದೋಷಪೂರಿತ ಪಾಠಗಳು ಫ್ರಾನ್ಸಿನ ಹೊರಗೆ ಮುದ್ರಣಗೊಂಡವು.

ಸಮಗ್ರ ಕೃತಿಗಳ ಮಾನ್ಯ ಆವೃತ್ತಿ ಬಂದದ್ದು 1682ರಲ್ಲಿ, ಎಂಟು ಸಂಪುಟಗಳಲ್ಲಿ. ಸಂಪಾದಕರಲ್ಲಿ ಪ್ರಮುಖನಾದ ಲಾ ಗ್ರಾಂಜ್ ಪಂಡಿತನಲ್ಲ, ತಂಡದ ನಟ. ಪ್ರತಿದಿನ ಯಾವ ನಾಟಕ ಆಡಿದರು, ಎಷ್ಟು ಹಣ ಬಂತು ಎಂಬುದನ್ನು 1659ರಿಂದ 1685ರವರೆಗೆ ಬರೆದಿಟ್ಟ ಆತನ ದಫ್ತರ ಇಂದಿಗೂ ಉಳಿದಿದೆ. ಅದುವರೆಗೆ ಅಚ್ಚು ಕಾಣದಿದ್ದ ಹಲವು ನಾಟಕಗಳು ಈ ಆವೃತ್ತಿಯಿಂದ ಉಳಿದುಕೊಂಡವು. ಆದರೆ ಸರ್ಕಾರದ ಕಣ್ಣು ಇಲ್ಲಿಯೂ ತಪ್ಪಲಿಲ್ಲ. 'ಡಾನ್ ಜುವಾನ್' ನಾಟಕದ ಮುದ್ರಿತ ಹಾಳೆಗಳನ್ನೇ ತೆಗೆಸಿ, ತಿದ್ದಿದ ಹಾಳೆಗಳನ್ನು ಸೇರಿಸಲಾಯಿತು. ದೇವರನ್ನು ದೂಷಿಸಿದರೆ ಚಿನ್ನದ ನಾಣ್ಯ ಕೊಡುತ್ತೇನೆಂದು ನಾಯಕನು ಬಡ ಭಿಕ್ಷುಕನಿಗೆ ಆಸೆ ತೋರಿಸುವ ದೃಶ್ಯ ಹೀಗೆ ಅಂಗಹೀನವಾಯಿತು. ಮರುವರ್ಷ ಆಮ್‌ಸ್ಟರ್‌ಡಾಮಿನಲ್ಲಿ ಅಚ್ಚಾದ ಆವೃತ್ತಿ ಹಾಗೂ ಕತ್ತರಿಯಿಂದ ಪಾರಾದ ಕೆಲವು ಪ್ರತಿಗಳಿಂದ ಆ ಪಾಠ ನಮಗೆ ದಕ್ಕಿದೆ.

ವಿಮರ್ಶಕರು ಮಾಡಿದ ಇಬ್ಭಾಗ

ಹಸ್ತಪ್ರತಿ ಇಲ್ಲ, ಅಚ್ಚಾದ ಪಾಠಗಳಲ್ಲಿ ಕೆಲವು ಕದ್ದವು, ಕೆಲವು ಕತ್ತರಿಸಿದವು. ಅನುಮಾನಕ್ಕೆ ಇಷ್ಟು ಎಡೆ ಸಾಕು. ಆದರೆ ಅದಕ್ಕೆ ಬೀಜ ಬಿತ್ತಿದ್ದು ವಿಮರ್ಶೆ. ಮೋಲಿಯೇರನ ಗೆಳೆಯನೂ ಅಭಿಮಾನಿಯೂ ಆಗಿದ್ದ ಬ್ವಾಲೋ, 1674ರ 'ಕಾವ್ಯಕಲೆ' ಎಂಬ ಪದ್ಯಕೃತಿಯಲ್ಲಿ ಒಂದು ಆಕ್ಷೇಪವೆತ್ತಿದ. ಮೋಲಿಯೇರ್ ಸಾಮಾನ್ಯ ಜನರನ್ನು ಮೆಚ್ಚಿಸಲು ಹೋಗಿ ಸೂಕ್ಷ್ಮ ಹಾಸ್ಯವನ್ನು ಕೋಡಂಗಿಯಾಟದೊಡನೆ ಬೆರೆಸಿದನೆಂದೂ, ಯಜಮಾನನನ್ನು ಚೀಲಕ್ಕೆ ತುಂಬಿ ಹೊಡೆಯುವ 'ಸ್ಕಾಪಿನ್' ಪ್ರಹಸನದಲ್ಲಿ 'ಲ ಮಿಸಾಂತ್ರೋಪ್' ಬರೆದವನ ಗುರುತೇ ಸಿಗದೆಂದೂ ಅದರ ತಾತ್ಪರ್ಯ.

ಬ್ವಾಲೋ ಕರ್ತೃತ್ವವನ್ನು ಶಂಕಿಸಲಿಲ್ಲ. ಆದರೆ ಒಬ್ಬನೇ ಲೇಖಕನನ್ನು ಮೇಲು, ಕೀಳು ಎಂದು ಎರಡು ಹೋಳು ಮಾಡಿದ. ವಿಮರ್ಶಕರು ಆ ಗೆರೆಯ ಮೇಲೆಯೇ ಬಹುಕಾಲ ನಡೆದರು. ಎರಡೂವರೆ ಶತಮಾನಗಳ ನಂತರ ಲೂಯಿಸ್ ಮಾಡಿದ್ದು ಇಷ್ಟೇ: ಕೀಳೆನಿಸಿದ ಹೋಳನ್ನು ನಟನಿಗೆ ಬಿಟ್ಟು, ಮೇಲೆನಿಸಿದ ಹೋಳನ್ನು ಮಹಾಕವಿಗೆ ದಾನ ಮಾಡಿದ. ನಗಿಸುವವನಿಗೆ ಗಾಂಭೀರ್ಯ ಒಗ್ಗದು ಎಂಬ ನಂಬಿಕೆಯೇ ಈ ವಾದದ ಬೇರು.

ಸಮಕಾಲೀನರ ಸಾಕ್ಷ್ಯ ಇದಕ್ಕೆ ಒಗ್ಗುವುದಿಲ್ಲ. 1662ರ ಕೊನೆಯಲ್ಲಿ 'ಲೆಕೋಲ್ ದೆ ಫಾಮ್' ರಂಗಕ್ಕೆ ಬಂದ ಮೇಲೆ ಎದ್ದ ವಿವಾದದಲ್ಲಿ ವೈರಿಗಳು ಮೋಲಿಯೇರನ ಮೇಲೆ ಕೃತಿಚೌರ್ಯ, ಅಶ್ಲೀಲತೆ, ಧರ್ಮನಿಂದೆಯ ಆಪಾದನೆಗಳನ್ನೆಲ್ಲ ಹೊರಿಸಿದರು. ಕಾರ್ನೇಯ್ ಬರೆದುಕೊಡುತ್ತಾನೆ ಎಂಬ ಆಪಾದನೆ ಮಾತ್ರ ಅದರಲ್ಲಿರಲಿಲ್ಲ. ಅದೇ ನಾಟಕದಲ್ಲಿ 'ದ ಲೀಲ್' ಎಂಬ ದೊಡ್ಡ ಹೆಸರಿಟ್ಟುಕೊಂಡವರನ್ನು ಗೇಲಿ ಮಾಡುವ ಮಾತಿದೆ. ಆ ಹೆಸರನ್ನು ಇಟ್ಟುಕೊಂಡಿದ್ದವನು ತೋಮಾ ಕಾರ್ನೇಯ್. ಕಾರ್ನೇಯ್‌ನಿಂದ ನಾಟಕ ಪಡೆದಾಗ ತಂಡ ಅದನ್ನು ಮುಚ್ಚಿಡಲೂ ಇಲ್ಲ. 1667ರ 'ಅತ್ತಿಲ' ನಾಟಕಕ್ಕಾಗಿ ಆತನಿಗೆ 2000 ಲೀವ್ರ್ ಕೊಟ್ಟದ್ದನ್ನು ಲಾ ಗ್ರಾಂಜ್ ದಫ್ತರದಲ್ಲಿ ದಾಖಲಿಸಿದ್ದಾನೆ. 1671ರ 'ಪ್ಸಿಶೆ' ನಾಟಕವನ್ನು ಸಮಯದ ಅಭಾವದಿಂದ ಮೋಲಿಯೇರ್, ಕಾರ್ನೇಯ್, ಕಿನೋ ಮೂವರು ಸೇರಿ ಬರೆದಾಗ ಯಾವ ಭಾಗ ಯಾರದು ಎಂಬುದನ್ನು ಮುದ್ರಿತ ಪುಸ್ತಕದ ಮೊದಲಿಗೇ ತಿಳಿಸಲಾಗಿದೆ.

ಪದಗಳ ಎಣಿಕೆ ಹೇಳಿದ್ದು

ಈ ಶತಮಾನದ ಆರಂಭದಲ್ಲಿ ವಾದ ಹೊಸ ವೇಷ ತೊಟ್ಟಿತು. 2001ರಲ್ಲಿ ದೊಮಿನಿಕ್ ಲಬ್ಬೆ ಮತ್ತು ಸಿರಿಲ್ ಲಬ್ಬೆ ಎಂಬ ಸಂಶೋಧಕರು ನಾಟಕಗಳ ಪದಸಂಪತ್ತನ್ನು ಹೋಲಿಸಿ, ಮೋಲಿಯೇರನ ಹಲವು ನಾಟಕಗಳು ಕಾರ್ನೇಯ್‌ನ ಹಾಸ್ಯನಾಟಕಗಳಿಗೆ ತೀರ ಹತ್ತಿರವಾಗಿವೆ, ಆದ್ದರಿಂದ ಅವು ಕಾರ್ನೇಯ್‌ನವೇ ಎಂಬ ನಿರ್ಣಯಕ್ಕೆ ಬಂದರು. ಇದಕ್ಕೆ ಎದ್ದ ಮುಖ್ಯ ಆಕ್ಷೇಪವೆಂದರೆ, ಒಂದೇ ಕಾಲದ, ಒಂದೇ ಪ್ರಕಾರದ, ಒಂದೇ ಛಂದಸ್ಸಿನ ಕೃತಿಗಳು ಯಾರೇ ಬರೆದರೂ ಪರಸ್ಪರ ಹೋಲುತ್ತವೆ ಎಂಬುದು. ಹನ್ನೆರಡು ಉಚ್ಚಾರಾಂಶಗಳ ಪ್ರಾಸಬದ್ಧ ಪಂಕ್ತಿಗಳಲ್ಲಿ ಪ್ರೇಮಿಗಳು, ಮುದುಕ ತಂದೆ, ಚತುರ ಸೇವಕರ ಕಥೆ ಹೇಳಹೊರಟವರಿಗೆಲ್ಲ ಬೇಕಾಗುವ ಪದಗಳು ಬಹುಮಟ್ಟಿಗೆ ಅವೇ.

2019ರ ನವೆಂಬರಿನಲ್ಲಿ 'ಸೈನ್ಸ್ ಅಡ್ವಾನ್ಸಸ್' ಪತ್ರಿಕೆಯಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಫ್ಲೋರಿಯನ್ ಕಾಫಿಯೆರೊ ಮತ್ತು ಜಾನ್ ಬಾಪ್ತಿಸ್ತ್ ಕಾಂಪ್ಸ್ ಹಾಸ್ಯದ ಪದ್ಯನಾಟಕಗಳನ್ನೇ ಆಯ್ದುಕೊಂಡು, ಕಾರ್ನೇಯ್ ಸಹೋದರರನ್ನೂ ಆ ಕಾಲದ ಇತರ ನಾಟಕಕಾರರನ್ನೂ ಹೋಲಿಕೆಗೆ ಇಟ್ಟುಕೊಂಡರು. ಶಬ್ದಭಂಡಾರ, ಪ್ರಾಸ, ಪದರೂಪ, ಪ್ರತ್ಯಯ, ವ್ಯಾಕರಣದ ಅನುಕ್ರಮ, ಸಂಬಂಧಸೂಚಕ ಪದಗಳು ಹೀಗೆ ಹಲವು ಮಗ್ಗುಲುಗಳಿಂದ ಬೇರೆ ಬೇರೆಯಾಗಿ ಅಳೆದರು. ಕೊನೆಯದು ವಿಶೇಷ ಮಹತ್ವದ್ದು. ಕನ್ನಡದಲ್ಲಿ 'ಆದರೆ', 'ಕೂಡ', 'ಅಂತೂ', 'ಮೇಲೆ' ಮೊದಲಾದ ಪದಗಳನ್ನು ನಾವು ಲೆಕ್ಕವಿಟ್ಟು ಬಳಸುವುದಿಲ್ಲ. ಅವು ಕಥಾವಸ್ತುವಿಗೆ ಅಂಟಿಕೊಂಡವೂ ಅಲ್ಲ. ಆದ್ದರಿಂದಲೇ ಅವುಗಳ ಪ್ರಮಾಣ ಬರೆಯುವವನ ನಡಿಗೆಯ ಹಾಗೆ, ಅನುಕರಿಸುವುದು ಕಷ್ಟ. ಎಲ್ಲ ಅಳತೆಗಳಲ್ಲಿಯೂ ಮೋಲಿಯೇರನ ನಾಟಕಗಳು ಒಂದು ಗುಂಪಾಗಿ, ಕಾರ್ನೇಯ್ ಸಹೋದರರ ನಾಟಕಗಳಿಂದ ಪ್ರತ್ಯೇಕವಾಗಿ ನಿಂತವು.

ಈ ವಿಧಾನಕ್ಕೂ ಮಿತಿಯಿದೆ. ಗದ್ಯನಾಟಕಗಳು ಈ ಪರೀಕ್ಷೆಯಲ್ಲಿರಲಿಲ್ಲ. ಇವೆಲ್ಲ ಒಂದೇ ಕೈಯವು, ಆ ಕೈ ಸಂಶಯಕ್ಕೆ ಒಳಗಾದವರದಲ್ಲ ಎಂಬಷ್ಟನ್ನು ಎಣಿಕೆ ಹೇಳಬಲ್ಲದು. ಹೆಸರನ್ನು ಹೇಳಬೇಕಾದದ್ದು ಇತಿಹಾಸದ ದಾಖಲೆ. ಇಲ್ಲಿ ಎರಡೂ ಒಂದೇ ಕಡೆ ಬೊಟ್ಟು ಮಾಡುತ್ತಿವೆ.

ಹಾಸ್ಯಕಾರರ ಹಳೆಯ ಪಾಡು

ಇದು ಮೋಲಿಯೇರನೊಬ್ಬನ ಪಾಡಲ್ಲ. ಆತನ 'ಜಿಪುಣ', 'ಆಂಫಿತ್ರಿಯೋ' ನಾಟಕಗಳಿಗೆ ಆಕರವಾದ ರೋಮನ್ ಹಾಸ್ಯನಾಟಕಕಾರ ಪ್ಲಾಟಸನದೂ ಇದೇ ಕಥೆ. ಜನಪ್ರಿಯನಾದ ಅವನ ಹೆಸರಿನಲ್ಲಿ ಸುಮಾರು 130 ನಾಟಕಗಳು ಚಲಾವಣೆಯಲ್ಲಿದ್ದವು. ಕ್ರಿಸ್ತಪೂರ್ವ ಒಂದನೆಯ ಶತಮಾನದ ವಿದ್ವಾಂಸ ವಾರೋ ಅವುಗಳಲ್ಲಿ ಎಲ್ಲರೂ ಒಪ್ಪುವ 21ನ್ನು ಬೇರ್ಪಡಿಸಿದ. ನಮ್ಮ ಕಾಲದವರೆಗೆ ಉಳಿದು ಬಂದದ್ದು ಮುಖ್ಯವಾಗಿ ಆ ಪಟ್ಟಿಯವು. ಒಬ್ಬ ವಿಮರ್ಶಕನ ಪಟ್ಟಿ ಕೃತಿಗಳ ಅಳಿವು ಉಳಿವನ್ನೇ ತೀರ್ಮಾನಿಸಿದ್ದಕ್ಕೆ ಇದೊಂದು ನಿದರ್ಶನ.

ನಮ್ಮಲ್ಲಿ ಟಿ.ಪಿ. ಕೈಲಾಸಂ (1884–1946) ಅವರ ಉದಾಹರಣೆಯೂ ನೆನಪಾಗದಿರದು. ಅವರು ನಾಟಕಗಳನ್ನು ಕುಳಿತು ಬರೆದುದಕ್ಕಿಂತ ಗೆಳೆಯರ ಮುಂದೆ ಅಭಿನಯಿಸಿ ಹೇಳಿದ್ದೇ ಹೆಚ್ಚು. ಹೇಳುವಾಗ ಬೇರೆಯವರು ಬರೆದುಕೊಂಡದ್ದು ಉಳಿಯಿತು. ಬರೆದುಕೊಳ್ಳದೆ ಬಿಟ್ಟದ್ದು ಹೋಯಿತು. ಹೀಗಿರುವಾಗ ಅಚ್ಚಿನಲ್ಲಿ ಒಂದು ಮಾತು ಸಪ್ಪೆಯೆನಿಸಿದರೆ ಅದರ ಹೊಣೆ ಯಾರದು? ನಾಟಕಕಾರನದೇ, ಬರೆದುಕೊಂಡವನದೇ, ಮೊಳೆ ಜೋಡಿಸಿದವನದೇ?

ಹಾಸ್ಯನಾಟಕವೊಂದನ್ನು ತೂಗಿ ನೋಡುವವರು ಮೊದಲು ತಮ್ಮ ಕೈಯಲ್ಲಿರುವ ಪುಸ್ತಕ ಯಾವ ಪಾಠ, ಯಾರು ಯಾವಾಗ ಅಚ್ಚು ಹಾಕಿಸಿದ್ದು, ಕರ್ತೃ ಅದನ್ನು ನೋಡಿದ್ದನೇ ಎಂದು ವಿಚಾರಿಸುವುದು ಅಗತ್ಯ. ನಾಟಕಗಳಿರುವುದು ಆಡುವುದಕ್ಕೆ, ಓದುವಾಗಲೂ ರಂಗವನ್ನು ಕಾಣಬಲ್ಲ ಕಣ್ಣುಳ್ಳವರಷ್ಟೇ ಓದಲಿ ಎಂಬ ಆಶಯವನ್ನು ಮೋಲಿಯೇರ್ ತನ್ನ ಒಂದು ನಾಟಕದ ಮುನ್ನುಡಿಯಲ್ಲಿ ಸೂಚಿಸಿದ್ದಾನೆ. ಆತನನ್ನು ಫ್ರೆಂಚ್ ಅಕಾಡೆಮಿ ಬದುಕಿದ್ದಾಗ ಸದಸ್ಯನನ್ನಾಗಿ ಮಾಡಿಕೊಳ್ಳಲಿಲ್ಲ. ಸತ್ತು ನೂರು ವರ್ಷ ಕಳೆದ ಮೇಲೆ, 1778ರಲ್ಲಿ, ತನ್ನ ಸಭಾಂಗಣದಲ್ಲಿ ಆತನ ಪ್ರತಿಮೆಯನ್ನು ಇರಿಸಿಕೊಂಡಿತು.